ಶ್ರೆಕ್ ಅಂದರೆ ನೊಸ್ಫೆರಾಟು ಮಾತ್ರವೇನಾ?

ಮೂಕಿಚಿತ್ರಗಳ ಮಾತು ಬಂದಾಗಲೆಲ್ಲ ಒಂದು ಪ್ರಶ್ನೆ ಬಂದೇ ಬರುತ್ತದೆ. 1922ರ ಜರ್ಮನ್ ಚಿತ್ರ ‘ನೊಸ್ಫೆರಾಟು’ವಿನಲ್ಲಿ ರಕ್ತ ಹೀರುವ ಕೌಂಟ್ ಓರ್ಲಾಕ್ ಆಗಿದ್ದ ಮಾಕ್ಸ್ ಶ್ರೆಕ್ ಯಾರು? ಆ ಒಂದು ಪಾತ್ರ ಮಾಡಿ ಮಾಯವಾದರಂತೆ, ಜರ್ಮನ್‌ನಲ್ಲಿ ‘ದಿಗಿಲು’ ಎಂಬ ಅರ್ಥದ ಆ ಹೆಸರೂ ಇಟ್ಟುಕೊಂಡದ್ದಂತೆ, ನಿಜವಾದ ಪಿಶಾಚಿಯೇ ಅಂತೆ, ಹೌದಾ?

ಯಾವುದೂ ಅಲ್ಲ. ಶ್ರೆಕ್ ಅನ್ನುವುದು ಅವರ ಹುಟ್ಟು ಹೆಸರೇ. 1879ರ ಸೆಪ್ಟೆಂಬರ್ 6ರಂದು ಬರ್ಲಿನ್ ಪಕ್ಕದ ಫ್ರೀಡೆನೌನಲ್ಲಿ ಹುಟ್ಟಿದರು. ನಟನೆ ಕಲಿತ ಮೇಲೆ ಮೆಸೆರಿಟ್ಸ್, ಸ್ಪೈಯರ್, ಎರ್ಫುರ್ಟ್, ಬ್ರೆಮೆನ್, ಗೇರಾ ಹೀಗೆ ಊರಿಂದೂರಿಗೆ ರಂಗಮಂದಿರ ಬದಲಿಸುತ್ತ ದುಡಿದರು. ಆಮೇಲೆ ಬರ್ಲಿನ್‌ನಲ್ಲಿ ರಂಗನಿರ್ದೇಶಕ ಮಾಕ್ಸ್ ರೈನ್‌ಹಾರ್ಟ್ ಅವರ ತಂಡ, 1919ರಿಂದ ಮ್ಯೂನಿಕ್‌ನ ಕಾಮರ್‌ಶ್ಪೀಲೆ ರಂಗಮಂದಿರ. ನಾಯಕನ ಪಾತ್ರ ಅವರದಲ್ಲ. ಮುದುಕರು, ವಿಚಿತ್ರ ಸ್ವಭಾವದವರು ಅವರ ಪಾಲಿಗೆ ಬರುತ್ತಿದ್ದರು. ‘ನೊಸ್ಫೆರಾಟು’ ತೆರೆಕಂಡ ವರ್ಷವೇ, ಸೆಪ್ಟೆಂಬರ್ 29ರಂದು, ನಾಟಕಕಾರ ಬ್ರೆಕ್ಟ್ ಅವರ ‘ಟ್ರೊಮೆಲ್ನ್ ಇನ್ ಡೆರ್ ನಾಖ್ಟ್’ (ರಾತ್ರಿಯ ನಗಾರಿಗಳು) ನಾಟಕದ ಮೊದಲ ಪ್ರದರ್ಶನದಲ್ಲಿ ಹೆಂಡದಂಗಡಿಯ ಗ್ಲುಬ್ ಆಗಿದ್ದರು. ನಟಿ, ಲೇಖಕಿ ಎರಿಕಾ ಮನ್ 1933ರಲ್ಲಿ ಮ್ಯೂನಿಕ್‌ನಲ್ಲಿ ಶುರುಮಾಡಿದ ನಾಜಿ ವಿರೋಧಿ ಕ್ಯಾಬರೆಯಲ್ಲೂ (ಹಾಡು, ವಿಡಂಬನೆಗಳ ರಂಗಪ್ರದರ್ಶನ) ಕಾಣಿಸಿಕೊಂಡರು. ಆ ಕಾಲದಲ್ಲಿ ಅದಕ್ಕೆ ಎದೆಗಾರಿಕೆ ಬೇಕಿತ್ತು. 1936ರ ಫೆಬ್ರವರಿ 19ರಂದು ಸಹನಟರೊಬ್ಬರ ಬದಲಿಗೆ ಷಿಲರ್ ಅವರ ‘ಡಾನ್ ಕಾರ್ಲೋಸ್’ ನಾಟಕದ ಮಹಾ ಧರ್ಮವಿಚಾರಕನ ಪಾತ್ರ ಮಾಡಿದರು. ಮರುದಿನ ತೀರಿಕೊಂಡರು.

ಮತ್ತೆ ವದಂತಿ ಹುಟ್ಟಿದ್ದೇಕೆ? ರಂಗದ ಮೇಲಿನ ದುಡಿಮೆ ಆಯಾ ರಾತ್ರಿಗೇ ಮುಗಿಯಿತು, ಉಳಿದದ್ದು ವೇಷ ಹಾಕಿದ ಆ ಒಂದು ಮುಖ. ಅವರ ಬೇರೆ ಚಿತ್ರಗಳನ್ನು ಹೋಲಿಸಿ ನೋಡಿದವರು ಕಡಿಮೆ. ವೇಷದ ಕಲ್ಪನೆ ಚಿತ್ರದ ಕಲಾವಿನ್ಯಾಸಕ ಆಲ್ಬಿನ್ ಗ್ರಾವ್ ಅವರದು: ಬೋಳು ತಲೆ, ಚೂಪು ಕಿವಿ, ಇಲಿಯಂತೆ ಮುಂದಿನ ಎರಡೇ ಹಲ್ಲು ಉದ್ದ. ಆದರೆ ಭಯ ಹುಟ್ಟಿಸುವುದು ಅದಲ್ಲ. ಶ್ರೆಕ್ ಹೆಗಲನ್ನು ಮೇಲೆತ್ತಿ, ಮೊಣಕೈಗಳನ್ನು ಪಕ್ಕೆಗೆ ಒತ್ತಿ ಹಿಡಿಯುತ್ತಾರೆ. ಬಿಗಿ ಗುಂಡಿಯ ಕೋಟಿನಲ್ಲಿ ಮೈ ಕಂಬದಂತೆ ಸೆಟೆದಿರುತ್ತದೆ, ಬೆರಳುಗಳು ಮಾತ್ರ ಜೀವಂತ. ಇದು ವರ್ಷಗಟ್ಟಲೆ ರಂಗದಲ್ಲಿ ಪಳಗಿದ ಮೈಯ ಕೆಲಸ.

ನೋಡುವವರಿಗೆ ಒಂದು ಎಚ್ಚರಿಕೆ. ಬ್ರಾಮ್ ಸ್ಟೋಕರ್ ಅವರ ‘ಡ್ರಾಕುಲಾ’ ಕಾದಂಬರಿಯನ್ನು ಹಕ್ಕು ಪಡೆಯದೆ ಬಳಸಿದ್ದಕ್ಕೆ ಅವರ ಹೆಂಡತಿ ದಾವೆ ಹೂಡಿದರು, 1925ರಲ್ಲಿ ಪ್ರತಿಗಳನ್ನು ನಾಶಮಾಡಬೇಕೆಂದು ಆದೇಶವಾಯಿತು. ಹೊರದೇಶಗಳಲ್ಲಿ ಉಳಿದವುಗಳಿಂದ ಮಾಡಿದ ನಕಲುಗಳು ಬೇಕಾದಷ್ಟಿವೆ. ಬಣ್ಣ ಹಚ್ಚದ ಕಪ್ಪುಬಿಳುಪು ಪ್ರತಿಯಲ್ಲಿ ಓರ್ಲಾಕ್ ಹಾಡಹಗಲೇ ಓಡಾಡುತ್ತಿರುವಂತೆ ಕಾಣುತ್ತದೆ. ಆ ದೃಶ್ಯಗಳನ್ನು ಬಿಸಿಲಲ್ಲೇ ತೆಗೆದು, ರಾತ್ರಿ ಅನ್ನಿಸಲು ನೀಲಿ ಬಣ್ಣ ಕೊಟ್ಟಿದ್ದರು. ವೇಗ ಹೆಚ್ಚಿಸಿದ ಪ್ರತಿಯಲ್ಲಂತೂ ಆ ನಿಧಾನದ ನಡಿಗೆ ತಮಾಷೆಯಾಗಿ ಹಾಳಾಗುತ್ತದೆ. ಸುಮಾರು 94 ನಿಮಿಷದ, ಬಣ್ಣ ಮರಳಿ ಕೊಟ್ಟ ಪುನಶ್ಚೇತನ ಪ್ರತಿಯನ್ನೇ ಹುಡುಕಿ.

ಅದರ ಬೆನ್ನಿಗೆ ಕಾರ್ಲ್ ಗ್ರೂನ ಅವರ 1923ರ ‘ಡೀ ಷ್ಟ್ರಾಸೆ’ ನೋಡಿ. ಅಲ್ಲಿ ಶ್ರೆಕ್ ಅವರದು ಕುರುಡನ ಪಾತ್ರ. ‘ನೊಸ್ಫೆರಾಟು’ ನಿರ್ದೇಶಿಸಿದ ಮೂರ್ನೌ ಅವರೇ 1924ರಲ್ಲಿ ಒಂದು ಹಾಸ್ಯಚಿತ್ರ ಮಾಡಿದಾಗ ಶ್ರೆಕ್ ಅವರನ್ನು ಮತ್ತೆ ಕರೆಸಿಕೊಂಡಿದ್ದರು.