ಟಿಕಾಲ್ ಕಾಡಿನಲ್ಲಿ ಅಪ್ಪ ಕಂಡ ಕೆರೆ

ವ್ಯಾನ್ ಬೆಳಗಿನ ಜಾವ ನಾಲ್ಕೂವರೆಗೆ ಬರುತ್ತೆ ಅಂದಿದ್ದರು. ಅಪ್ಪ ಮೂರೂವರೆಗೇ ಸ್ನಾನ ಮುಗಿಸಿ, ಸ್ವೆಟರ್ ಹಾಕಿಕೊಂಡು ಹೋಟೆಲ್ ಬಾಗಿಲಲ್ಲಿ ಕೂತಿದ್ದರು. ಎದುರಿಗೇ ಸರೋವರ, ಕತ್ತಲಲ್ಲಿ ನೀರಿನ ಸದ್ದು ಮಾತ್ರ. "ಇದು ಎಷ್ಟು ಆಳ ಇದೆಯಂತೆ?" ಅಂತ ಕೇಳಿದರು. ನನಗೆ ಗೊತ್ತಿರಲಿಲ್ಲ. ಆ ದಿನವೆಲ್ಲಾ ನೀರಿನ ಮಾತೇ ಆಗುತ್ತೆ ಅನ್ನೋದೂ ಗೊತ್ತಿರಲಿಲ್ಲ.

ನಾವಿದ್ದದ್ದು ಗ್ವಾಟೆಮಾಲಾ ದೇಶದ ಉತ್ತರಕ್ಕಿರುವ ಫ್ಲೋರೆಸ್ ಎಂಬ ಊರಲ್ಲಿ. ಪೆಟೆನ್ ಇಟ್ಸಾ ಸರೋವರದೊಳಗಿನ ಪುಟ್ಟ ದ್ವೀಪ ಅದು. ಈ ಭಾಗದ ಮೂಲನಿವಾಸಿಗಳಾದ ಮಾಯಾ ಜನರ ಕೊನೆಯ ಸ್ವತಂತ್ರ ರಾಜ್ಯ ಇದ್ದದ್ದು ಇದೇ ದ್ವೀಪದಲ್ಲಿ, 1697ರಲ್ಲಿ ಸ್ಪೇನಿನವರು ಅದನ್ನು ಗೆದ್ದುಕೊಂಡರು. ಅಪ್ಪ ಶ್ರೀನಿವಾಸಪುರ ತಾಲ್ಲೂಕಿನ ರೈತರು. ಹ್ಯೂಸ್ಟನ್‌ನಲ್ಲಿ ನನ್ನ ಮನೆಗೆ ಮೂರು ತಿಂಗಳ ಮಟ್ಟಿಗೆ ಬಂದಿದ್ದರು. ಕಾಡಿನೊಳಗಿರುವ ಮಾಯಾ ಜನರ ಹಳೇ ನಗರ ಟಿಕಾಲ್ ನೋಡಬೇಕು ಅನ್ನೋದು ನನ್ನ ಆಸೆ. ಕಾಲೇಜಿನ ದಿನಗಳಲ್ಲಿ ಒಂದು ಫೋಟೋ ನೋಡಿದ್ದೆ, ಕಾಡಿನ ಮೇಲೆ ಕಲ್ಲಿನ ಗೋಪುರಗಳು ತಲೆ ಎತ್ತಿ ನಿಂತಿದ್ದವು, ಆವತ್ತಿನಿಂದ ಅದು ತಲೆಯಲ್ಲಿ ಕೂತುಬಿಟ್ಟಿತ್ತು. ಅಪ್ಪ ನನಗೋಸ್ಕರ ಬಂದರು, ಅಷ್ಟೇ.

ಫ್ಲೋರೆಸ್‌ನಿಂದ ಟಿಕಾಲ್‌ಗೆ ಸುಮಾರು 65 ಕಿಲೋಮೀಟರ್. ವ್ಯಾನಿನಲ್ಲಿ ನಾವು ಹನ್ನೊಂದು ಜನ. ಗೇಟು ಆರಕ್ಕೆ ತೆರೆಯಿತು. ನಾವು ಹೋದಾಗ ಹೊರದೇಶದವರಿಗೆ ಟಿಕೆಟ್ 150 ಕೆಟ್ಸಾಲ್ ಇತ್ತು. ಕೆಟ್ಸಾಲ್ ಅಂದರೆ ಅವರ ದುಡ್ಡಿನ ಹೆಸರು, ಹಸಿರು ಗರಿಯ ಒಂದು ಹಕ್ಕಿಯ ಹೆಸರೂ ಅದೇ. ನೋಟಿನ ಮೇಲೆ ಆ ಹಕ್ಕಿಯ ಚಿತ್ರ ನೋಡಿ ಅಪ್ಪನಿಗೆ ತುಂಬಾ ಖುಷಿಯಾಯಿತು.

ನಮ್ಮ ಗೈಡ್‌ಗೆ ನಲವತ್ತರ ಹತ್ತಿರದ ವಯಸ್ಸು ಇರಬಹುದು. ಅವರು ಇಂಗ್ಲಿಷಿನಲ್ಲಿ ಹೇಳೋದು, ನಾನು ಅಪ್ಪನಿಗೆ ಕನ್ನಡದಲ್ಲಿ ಹೇಳೋದು. ಅವರು ಮೂರು ವಾಕ್ಯ ಹೇಳುವ ಹೊತ್ತಿಗೆ ನನ್ನದು ಒಂದು ಮುಗಿದಿರುತ್ತಿತ್ತು. ಅವರು ಅದನ್ನು ಗಮನಿಸಿ ನಿಧಾನ ಮಾಡಿದರು, ನನ್ನ ಮಾತು ಮುಗಿಯೋವರೆಗೆ ಕಾದು ಮುಂದಿನದು ಹೇಳತೊಡಗಿದರು. ಆ ಒಂದು ವಿಷಯಕ್ಕೇ ಅವರ ಮೇಲೆ ನನಗೆ ಗೌರವ ಮೂಡಿತು.

ಕಾಡು ದಟ್ಟವಾಗಿತ್ತು, ಮಂಜು ಇನ್ನೂ ಕರಗಿರಲಿಲ್ಲ. ಎಲ್ಲೋ ದೂರದಲ್ಲಿ ಹುಲಿ ಗರ್ಜಿಸಿದ ಹಾಗೆ ಸದ್ದು ಬಂತು. ನಾನು ಅಪ್ಪನ ತೋಳು ಹಿಡಿದುಕೊಂಡೆ. ಅದು ಹೌಲರ್ ಕೋತಿಯಂತೆ. ಒಂದು ಕೋತಿಯ ಗಂಟಲಲ್ಲಿ ಅಷ್ಟು ದೊಡ್ಡ ಸದ್ದು, ಕಿಲೋಮೀಟರ್‌ಗಟ್ಟಲೆ ದೂರ ಕೇಳಿಸುತ್ತೆ.

ಸ್ವಲ್ಪ ಮುಂದೆ ಗೈಡ್ ಒಂದು ಎತ್ತರದ ಮರದ ಹತ್ತಿರ ನಿಂತರು. ಕಾಂಡದ ಮೇಲೆ ಅಡ್ಡಡ್ಡ ಹಳೇ ಕಚ್ಚುಗಳು. ಅಂಟು ಇಳಿಸೋಕೆ ಕತ್ತಿಯಲ್ಲಿ ಕಡಿದ ಗುರುತು ಅಂತೆ. ಮೊದಲು ಚ್ಯೂಯಿಂಗ್ ಗಮ್ ಮಾಡುತ್ತಿದ್ದದ್ದು ಈ ಅಂಟಿನಿಂದಲೇ. ಮರದ ಹೆಸರು ಚಿಕೊಸಪೋತೆ ಅಂದರು. ನಾನು ಹೆಸರು ಹೇಳೋದರೊಳಗೆ ಅಪ್ಪ ಬಿದ್ದ ಎಲೆ ಎತ್ತಿಕೊಂಡು ಮೂಸಿ, "ಸಪೋಟ" ಅಂದರು. ಹೌದು, ನಮ್ಮ ತೋಟದ ಸಪೋಟವೇ! ನಮ್ಮೂರಲ್ಲಿ ಕೈಗೆ ಸಿಗುವ ಎತ್ತರಕ್ಕೆ ಸವರಿ ಬೆಳೆಸುವ ಗಿಡ, ತವರುಮನೆಯಲ್ಲಿ ಆಕಾಶಕ್ಕೆ ಬೆಳೆದು ನಿಂತಿತ್ತು. ದೇವಸ್ಥಾನದ ಬಾಗಿಲಿನ ಮೇಲಿನ ತೊಲೆಗಳನ್ನೂ ಈ ಮರದಿಂದಲೇ ಮಾಡಿದ್ದಾರೆ, ಸಾವಿರದ ಇನ್ನೂರು ವರ್ಷ ದಾಟಿದರೂ ಕೆಲವು ಗಟ್ಟಿಯಾಗಿವೆ. ಅಪ್ಪ ಆ ಕಾಂಡದ ಮೇಲೆ ಕೈಯಿಟ್ಟುಕೊಂಡು ಬಹಳ ಹೊತ್ತು ನಿಂತರು.

ನಾಲ್ಕನೇ ದೇವಸ್ಥಾನ ಎಲ್ಲಕ್ಕಿಂತ ಎತ್ತರ, ಸುಮಾರು 65 ಮೀಟರ್. ಪಕ್ಕದಲ್ಲಿ ಮರದ ಮೆಟ್ಟಿಲು ಹಾಕಿದ್ದಾರೆ. ಅಪ್ಪನಿಗೆ ಮಂಡಿ ನೋವು, "ನೀನು ಹೋಗಿ ಬಾಮ್ಮಾ" ಅಂತ ಕೆಳಗೇ ಕೂತರು. ನಾನು ಹತ್ತಿದೆ. ಮೊದಲು ಬಿಳಿ ಮಂಜು ಬಿಟ್ಟರೆ ಏನೂ ಇಲ್ಲ. ಆಮೇಲೆ ನಿಧಾನಕ್ಕೆ ಮಂಜು ಸರಿದು, ಮರಗಳ ತಲೆ ಮೇಲೆ ಒಂದು ಗೋಪುರ, ಅದರಾಚೆ ಇನ್ನೆರಡು ಕಾಣಿಸಿದವು. ಅಷ್ಟು ವರ್ಷ ಮನಸ್ಸಲ್ಲಿಟ್ಟುಕೊಂಡಿದ್ದ ಫೋಟೋ ಕಣ್ಣೆದುರಿಗೇ ಇತ್ತು, ಕಣ್ಣಲ್ಲಿ ನೀರು ಬಂತು. ಆದರೆ ಪೂರ್ತಿ ಖುಷಿಪಡೋಕೆ ಆಗಲಿಲ್ಲ. ಕೆಳಗೆ ಅಪ್ಪ ಒಬ್ಬರೇ ಕೂತಿದ್ದಾರಲ್ಲ ಅನ್ನೋದೇ ಮನಸ್ಸಲ್ಲಿ ಕೊರೆಯುತ್ತಿತ್ತು. ಹತ್ತು ನಿಮಿಷಕ್ಕೇ ಇಳಿದುಬಿಟ್ಟೆ.

ಅಲ್ಲಿಂದ ದೊಡ್ಡ ಬಯಲಿಗೆ ಬಂದೆವು, ಗ್ರ್ಯಾನ್ ಪ್ಲಾಸಾ ಅನ್ನುತ್ತಾರೆ. ಒಂದು ಕಡೆ 47 ಮೀಟರ್ ಎತ್ತರದ ಮೊದಲನೇ ದೇವಸ್ಥಾನ, ಎದುರಿಗೆ ಎರಡನೆಯದು. 682ರಲ್ಲಿ ಪಟ್ಟಕ್ಕೆ ಬಂದ ಹಸಾವ್ ಚಾನ್ ಕವೀಲ್ ಎಂಬ ರಾಜನ ಸಮಾಧಿ ಸಿಕ್ಕಿದ್ದು ಮೊದಲನೆಯದರ ಕೆಳಗೆ. ಟಿಕಾಲ್ ನೂರಕ್ಕೂ ಹೆಚ್ಚು ವರ್ಷ ಹೆದರಿಕೊಂಡಿದ್ದ ಕಲಕ್ಮುಲ್ ರಾಜ್ಯವನ್ನು 695ರಲ್ಲಿ ಸೋಲಿಸಿದವನು ಇವನೇ. ಇಲ್ಲಿ ಸಿಕ್ಕಿರುವ ಶಾಸನಗಳಲ್ಲಿ ಕೊನೆಯದು 869ರದ್ದು. ಅದಾದ ಮೇಲೆ ಬರಹ ನಿಂತುಹೋಗಿದೆ.

ನಮ್ಮ ಜೊತೆಗಿದ್ದ ಒಬ್ಬರು "ಆಮೇಲೆ ಮಾಯಾ ಜನ ಎಲ್ಲಿ ಹೋದರು?" ಅಂತ ಕೇಳಿದರು. ನನ್ನ ಮನಸ್ಸಲ್ಲೂ ಅದೇ ಇತ್ತು. ನಮಗಂತೂ ಆ ಹೆಸರೇ ಹಾಗೆ ಕೇಳಿಸುತ್ತೆ, ಮಾಯಾ ಅಂದ ಕೂಡಲೇ ಮಾಯವಾದವರು ಅನ್ನಿಸಿಬಿಡುತ್ತೆ. ಗೈಡ್ ನಕ್ಕು, ಬಯಲಿನ ನಡುವೆ ಕಪ್ಪಾಗಿದ್ದ ಒಂದು ಗುಂಡನೆಯ ಜಾಗ ತೋರಿಸಿದರು. ಈಗಲೂ ಮಾಯಾ ಜನ ಅಲ್ಲಿಗೆ ಬಂದು ಬೆಂಕಿ ಹೊತ್ತಿಸಿ ಪೂಜೆ ಮಾಡುತ್ತಾರೆ. ಗ್ವಾಟೆಮಾಲಾ ಒಂದರಲ್ಲೇ ಇವತ್ತಿಗೂ 22 ಮಾಯಾ ಭಾಷೆಗಳಿವೆ. "ನನ್ನ ಅಮ್ಮ ಮನೆಯಲ್ಲಿ ಮಾತಾಡೋದು ಕೆಕ್ಚಿ, ನಾವು ಎಲ್ಲೂ ಹೋಗಿಲ್ಲ, ರಾಜರು ಹೋದರು" ಅಂದರು. ಇದನ್ನು ಅಪ್ಪನಿಗೆ ಹೇಳಿದೆ. "ಸರಿಯಾಗಿ ಹೇಳಿದರು" ಅಂದರು ಅಪ್ಪ.

ಬಯಲಿನ ದಕ್ಷಿಣಕ್ಕೆ ಸಾಲು ಸಾಲು ಅರಮನೆಗಳು, ಅಂಗಳಗಳು. ನಿಧಾನಕ್ಕೆ ಅದರ ಹಿಂಬದಿಗೆ ಬಂದೆವು. ಕೆಳಗೆ ದೊಡ್ಡ ತಗ್ಗು, ತುಂಬಾ ಮರ, ಒಂದು ಹನಿ ನೀರೂ ಇಲ್ಲ. ಎಲ್ಲರೂ ಮುಂದೆ ಹೋದರು. ಅಪ್ಪ ನಿಂತುಬಿಟ್ಟರು.

"ಇದು ಕೆರೆ ಅಲ್ವೇನಮ್ಮಾ?"

ನಾನು "ಇಲ್ಲಪ್ಪಾ, ಹಳ್ಳ ಇರಬೇಕು" ಅಂದೆ.

"ಹಳ್ಳ ಆಗಿದ್ದರೆ ಆ ಕೊನೆಯಲ್ಲಿ ಅಡ್ಡಕ್ಕೆ ಅಷ್ಟು ನೇರವಾಗಿ ದಿಬ್ಬ ಯಾಕೆ ಇರುತ್ತೆ? ಅದು ಏರಿ. ಆಗಲೇ ಬಯಲಲ್ಲಿ ನಡೆಯುವಾಗಲೇ ಕಾಲಿಗೆ ಗೊತ್ತಾಯಿತು, ನೆಲ ಇಳಿಜಾರಿದೆ. ಸುಮ್ನೆ ಮಾಡಿರಲ್ಲ ಹಾಗೆ. ಮಳೆ ನೀರು ಇಲ್ಲಿಗೆ ಬರಲಿ ಅಂತ."

ಗೈಡ್ ವಾಪಸ್ ಬಂದರು. ನಾನು ಅಪ್ಪ ಹೇಳಿದ್ದನ್ನು ಹೇಳಿದೆ. ಅವರು ಒಂದು ಕ್ಷಣ ಅಪ್ಪನನ್ನೇ ನೋಡಿದರು. ಆಮೇಲೆ, ಇದು ಪ್ಯಾಲೇಸ್ ರಿಸರ್ವಾಯರ್ ಅಂದರು. ನಾನು "ಅರಮನೆ ಜಲಾಶಯ ಅಂತೆ ಅಪ್ಪಾ" ಅಂದೆ. "ಜಲಾಶಯ ಅಂದರೆ ಕೆಆರ್‌ಎಸ್ ಥರ. ಇದನ್ನ ಕೆರೆ ಅನ್ನಮ್ಮ" ಅಂತ ಅಪ್ಪ ತಿದ್ದಿದರು.

ಇಲ್ಲಿ ನಮ್ಮ ತಾತನ ವಿಷಯ ಹೇಳಬೇಕು. ಅವರು ನಮ್ಮೂರ ಕೆರೆಯ ನೀರುಗಂಟಿ. ತೂಬು ಯಾವಾಗ ಎತ್ತಬೇಕು, ಯಾರ ಗದ್ದೆಗೆ ಎಷ್ಟು ಹೊತ್ತು ನೀರು ಬಿಡಬೇಕು, ಕೋಡಿ ಬಿದ್ದರೆ ಏನು ಮಾಡಬೇಕು, ಏರಿಯಲ್ಲಿ ಹೆಗ್ಗಣ ಬಿಲ ಕೊರೆದಿದೆಯಾ, ಎಲ್ಲಾ ಅವರ ಜವಾಬ್ದಾರಿ. ಸುಗ್ಗಿಯಲ್ಲಿ ಊರವರು ಕೊಡುತ್ತಿದ್ದ ಕಾಳೇ ಅವರ ಸಂಬಳ. ಕೋಲಾರದಲ್ಲಿ ವರ್ಷವಿಡೀ ಹರಿಯುವ ನದಿ ಒಂದೂ ಇಲ್ಲ, ಜಿಲ್ಲೆ ಬದುಕಿದ್ದೇ ಕೆರೆಗಳಿಂದ. ಅಪ್ಪ ಚಿಕ್ಕ ಹುಡುಗನಾಗಿದ್ದಾಗಿನಿಂದ ತಾತನ ಹಿಂದೆ ಏರಿ ಮೇಲೆ ಓಡಾಡಿದವರು. ಅದಕ್ಕೇ ಅಪ್ಪನ ಕಾಲಿಗೆ ಇಳಿಜಾರು ಗೊತ್ತಾಗುತ್ತೆ.

ಇದನ್ನೆಲ್ಲಾ ಗೈಡ್‌ಗೆ ಹೇಳಿದೆ. ಅವರು ಬಂದು ಅಪ್ಪನ ಕೈ ಕುಲುಕಿದರು, ಅಲ್ಲೇ ಒಂದು ಕಲ್ಲಿನ ಮೇಲೆ ಕೂತು ಮಾತು ಶುರು ಮಾಡಿದರು. ಟಿಕಾಲ್‌ನಲ್ಲೂ ನದಿ ಇಲ್ಲ. ಸುಣ್ಣದ ಕಲ್ಲಿನ ನೆಲ, ಬಿದ್ದ ನೀರೆಲ್ಲಾ ಒಳಗೆ ಇಳಿದುಹೋಗುತ್ತೆ. ತಿಂಗಳುಗಟ್ಟಲೆ ಮಳೆ ಇಲ್ಲದ ಕಾಲವೂ ಇದೆ. ಅದಕ್ಕೆ ಅವರು ಬಯಲು, ಅಂಗಳಗಳಿಗೆಲ್ಲಾ ಸುಣ್ಣದ ಗಾರೆ ಹಾಕಿ, ಇಳಿಜಾರು ಕೊಟ್ಟು, ಬಿದ್ದ ಮಳೆಯನ್ನು ಕೆರೆಗಳಿಗೆ ತಿರುಗಿಸಿದರು. ಈ ಕೆರೆಯ ಏರಿ 80 ಮೀಟರ್ ಉದ್ದ, 10 ಮೀಟರ್ ಎತ್ತರ ಇತ್ತು. ಸುಮಾರು ಏಳೂವರೆ ಕೋಟಿ ಲೀಟರ್ ನೀರು ನಿಲ್ಲುತ್ತಿತ್ತು. ಏರಿ ಮೇಲೇ ಜನ ಓಡಾಡುವ ದಾರಿ. ತೂಬೂ ಇತ್ತು ಅಂತ ಅಗೆದು ನೋಡಿದವರು ಹೇಳುತ್ತಾರೆ.

ತೂಬು ಅಂದಿದ್ದಕ್ಕೆ ಅಪ್ಪನ ಮುಖ ಅರಳಿತು. ಆಮೇಲೆ ಕೇಳಿದರು, "ಎತ್ತಿನಲ್ಲಿ ಮಣ್ಣು ಹೊಡೆದರಾ?" ಮಾಯಾ ಜನರ ಹತ್ತಿರ ಎತ್ತು ಇರಲಿಲ್ಲ, ಕುದುರೆ ಇರಲಿಲ್ಲ, ಗಾಡಿಯೂ ಇರಲಿಲ್ಲ. ಮಣ್ಣು, ಕಲ್ಲು ಎಲ್ಲಾ ಮನುಷ್ಯರೇ ಹೊತ್ತದ್ದು. ಇದನ್ನು ಹೇಳಿದಾಗ ಅಪ್ಪ ಏನೂ ಮಾತಾಡಲಿಲ್ಲ. ಎದ್ದು ಹೋಗಿ ಆ ದಿಬ್ಬದ ಕಡೆ ನೋಡುತ್ತಾ ನಿಂತರು. ದೇವಸ್ಥಾನದ ಗೋಪುರಗಳನ್ನು ನೋಡುವಾಗಲೂ ಅವರು ಹಾಗೆ ನಿಂತಿರಲಿಲ್ಲ.

ಗೈಡ್ ಇನ್ನೂ ಒಂದು ಹೇಳಿದರು. ಕೊರಿಯೆಂಟಲ್ ಅನ್ನೋ ಇನ್ನೊಂದು ಕೆರೆ ಇದೆ, ಅಲ್ಲಿ ನೀರು ಸೋಸೋಕೆ ಜಿಯೊಲೈಟ್ ಅನ್ನೋ ಖನಿಜ ಮತ್ತು ಬೆಣಚು ಮರಳು ಹಾಕಿದ್ದರಂತೆ. ಅದು ಹತ್ತಿರದಲ್ಲಿ ಸಿಗೋದಲ್ಲ, ಸುಮಾರು 30 ಕಿಲೋಮೀಟರ್ ದೂರದಿಂದ ತಂದದ್ದು. ಈಗ ನಾವು ಫಿಲ್ಟರ್‌ಗಳಲ್ಲಿ ಬಳಸೋದೂ ಅದೇ ಖನಿಜ. ಎರಡು ಸಾವಿರ ವರ್ಷದ ಹಿಂದೆ! ಆದರೆ ಅರಮನೆ ಪಕ್ಕದ ಕೆರೆಗಳ ಕಥೆ ಬೇರೆ. 2020ರಲ್ಲಿ ಪ್ರಕಟವಾದ ಸಂಶೋಧನೆಯಲ್ಲಿ ಈ ಕೆರೆಯ ಹೂಳಿನಲ್ಲಿ ಪಾದರಸ ಸಿಕ್ಕಿದೆ. ಗೋಡೆಗಳಿಗೆ ಬಳಿದ ಕೆಂಪು ಬಣ್ಣದಲ್ಲಿ ಪಾದರಸ ಇತ್ತು, ಮಳೆಗೆ ತೊಳೆದು ಕೆರೆಗೆ ಬಂದಿದೆ. ಜೊತೆಗೆ ವಿಷ ಬಿಡುವ ಪಾಚಿಯೂ ಬೆಳೆದಿತ್ತು, ಆ ವಿಷ ನೀರು ಕಾಯಿಸಿದರೂ ಹೋಗೋದಿಲ್ಲ. ಒಂಬತ್ತನೇ ಶತಮಾನದಲ್ಲಿ ಬರಗಾಲ ಬಂದಾಗ ಊರ ನಡುವಿನ ಕೆರೆಯ ನೀರೇ ಕುಡಿಯುವಂತಿರಲಿಲ್ಲ.

ಅಪ್ಪ ಬಹಳ ಹೊತ್ತಾದ ಮೇಲೆ, "ನಮ್ಮದೂ ಅದೇ ಅಲ್ವಾ" ಅಂದರು.

ನನಗೆ ಅರ್ಥವಾಯಿತು. ನಮ್ಮ ಕಡೆ ಕೆರೆ ಒಣಗಿದ ಮೇಲೆ ಎಲ್ಲರೂ ಬೋರ್ ಕೊರೆದರು, ಸಾವಿರ ಅಡಿ ದಾಟಿದರು, ಬಂದ ನೀರಲ್ಲಿ ಫ್ಲೋರೈಡ್. 2018ರಲ್ಲಿ ಕೆಸಿ ವ್ಯಾಲಿ ಯೋಜನೆಯಲ್ಲಿ ಬೆಂಗಳೂರಿನ ಕೊಳಚೆ ನೀರನ್ನು ಎರಡು ಹಂತ ಶುದ್ಧ ಮಾಡಿ ಕೋಲಾರದ ಕೆರೆಗಳಿಗೆ ಬಿಡೋಕೆ ಶುರು ಮಾಡಿದರು. ಎಷ್ಟೋ ವರ್ಷ ಜಾಲಿ ಬೆಳೆದಿದ್ದ ಕೆರೆಗಳಲ್ಲಿ ನೀರು ನಿಂತಿತು. ನಮ್ಮೂರ ಕೆರೆ ತುಂಬಿದ ದಿನ ಅಪ್ಪ ಫೋನ್ ಮಾಡಿ ಅತ್ತಿದ್ದರು. ಬೋರುಗಳಲ್ಲೂ ನೀರು ಮೇಲೆ ಬಂತು, ಅದು ದೊಡ್ಡ ಉಪಕಾರವೇ. ಆದರೆ ಆ ನೀರಿಗೆ ಕೈ ಹಾಕೋಕೆ ಅವರಿಗೆ ಇವತ್ತಿಗೂ ಮನಸ್ಸು ಬರಲ್ಲ. ಮೂರನೇ ಹಂತದ ಶುದ್ಧೀಕರಣ ಮಾಡಿ ಕೊಡಿ ಅಂತ ನಮ್ಮ ಜಿಲ್ಲೆಯ ಜನ ಕೇಳುತ್ತಲೇ ಇದ್ದಾರೆ. ನಾನೂ ಅದನ್ನೇ ಕೇಳುತ್ತೇನೆ. ದೂರದಿಂದ ಖನಿಜ ಹೊತ್ತು ತಂದು ನೀರು ಸೋಸಿದವರು ಎರಡು ಸಾವಿರ ವರ್ಷದ ಹಿಂದೆ ಇದ್ದರು ಅಂದ ಮೇಲೆ, ಇವತ್ತು ನಮ್ಮ ಕೈಲಿ ಆಗಲ್ಲ ಅಂದರೆ ನಾನು ನಂಬಲ್ಲ.

ಈ ಮಾತುಗಳನ್ನೆಲ್ಲಾ ಗೈಡ್‌ಗೆ ಇಂಗ್ಲಿಷಿನಲ್ಲಿ ಹೇಳೋಕೆ ನನಗೆ ಸ್ವಲ್ಪ ಹೊತ್ತು ಹಿಡಿಯಿತು. ವೇಳಾಪಟ್ಟಿ ಪ್ರಕಾರ ಈ ಜಾಗಕ್ಕೆ ಐದೇ ನಿಮಿಷ ಇದ್ದಿರಬೇಕು, ನಾವು ಅರ್ಧ ಗಂಟೆ ಕೂತಿದ್ದೆವು. ಜೊತೆಗಿದ್ದವರು ಯಾರೂ ಬೇಸರ ಮಾಡಿಕೊಳ್ಳಲಿಲ್ಲ. ಒಬ್ಬ ಹೆಂಗಸು ನನ್ನ ಪಕ್ಕ ಬಂದು, ನಿನ್ನ ತಾತನ ಹುದ್ದೆಯ ಹೆಸರು ಇನ್ನೊಂದು ಸಲ ಹೇಳು ಅಂತ ಕೇಳಿ ಬರೆದುಕೊಂಡರು.

ಊಟ ಗೇಟಿನ ಹತ್ತಿರ. ಅನ್ನ, ಕಪ್ಪು ಹುರುಳಿಕಾಯಿ ಬೀಜದ ಗೊಜ್ಜಿನಂಥದ್ದು, ಬೆಣ್ಣೆಹಣ್ಣು, ಬಿಸಿ ಬಿಸಿ ಜೋಳದ ತೊರ್ತಿಯಾ. ಮುಸುಕಿನ ಜೋಳವನ್ನು ಸುಣ್ಣದ ನೀರಲ್ಲಿ ಬೇಯಿಸಿ ನೆನೆಸಿ ರುಬ್ಬಿ ತಟ್ಟೋದು. ಅಪ್ಪ ನಾಲ್ಕು ತಿಂದರು. ಖಾರಕ್ಕೆ ಮೆಣಸಿನಕಾಯಿ ಕೇಳಿ ಹಾಕಿಸಿಕೊಂಡರು. ಆ ಮೆಣಸಿನಕಾಯಿಯೂ ಅಮೆರಿಕ ಖಂಡದಿಂದಲೇ ಪೋರ್ಚುಗೀಸರ ಕೈ ದಾಟಿ ನಮ್ಮೂರಿಗೆ ಬಂದದ್ದು ಅಂತ ಹೇಳಿದಾಗ ನಂಬೋಕೆ ಅವರಿಗೆ ಕಷ್ಟವಾಯಿತು.

ವ್ಯಾನಿನಲ್ಲಿ ಎಲ್ಲರೂ ನಿದ್ದೆ ಹೋದರು. ಅಪ್ಪ ಮಾತ್ರ ಕಿಟಕಿಯಲ್ಲಿ ಕಣ್ಣಿಟ್ಟಿದ್ದರು. ಇಳಿಯುವಾಗ ಗೈಡ್‌ಗೆ ಕೈ ಮುಗಿದರು, ಅವರೂ ತಿರುಗಿ ಕೈ ಮುಗಿದರು.

ಸಂಜೆ ಏಳಕ್ಕೆ, ಅಂದರೆ ಊರಲ್ಲಿ ಬೆಳಗ್ಗೆ ಆರೂವರೆ, ಅಪ್ಪ ಚಿಕ್ಕಪ್ಪನಿಗೆ ಫೋನ್ ಮಾಡಿದರು. ಚಿಕ್ಕಪ್ಪ ಆಗ ತಾನೇ ಡೈರಿಗೆ ಹಾಲು ಹಾಕಿ ಬಂದಿದ್ದರು. ನಾನು ತೆಗೆದ ಗೋಪುರದ ಫೋಟೋಗಳ ವಿಷಯ ಅಪ್ಪ ಎತ್ತಲೇ ಇಲ್ಲ.

"ಒಂದು ಕೆರೆ ನೋಡಿದೆ ಕಣೋ. ಕಾಡೊಳಗೆ. ಎತ್ತಿಲ್ಲದೆ ಕಟ್ಟಿದ್ದಾರೆ."

ಆ ಕಡೆಯಿಂದ ಏನೋ ಕೇಳಿದರು.

"ನೀರಿಲ್ಲ. ಹೂಳು ತುಂಬಿ ಮರ ಬೆಳೆದಿದೆ. ಆದರೆ ಏರಿ ಗಟ್ಟಿ ಇದೆ."

ಮತ್ತೆ ಏನೋ ಕೇಳಿದರು. ಅಪ್ಪ ಫೋನ್ ಹಿಡಿದುಕೊಂಡೇ ನನ್ನ ಕಡೆ ತಿರುಗಿದರು. "ಕೋಡಿ ಯಾವ ಕಡೆಗಿತ್ತು ಅಂತ ಕೇಳ್ತಿದಾನೆ. ನಾವು ಅದನ್ನ ಕೇಳಲೇ ಇಲ್ವಲ್ಲಮ್ಮಾ."