ಅಪ್ಪ ಹಾಕಿದ ಜಾಮೀನು

ಮಾಗಡಿ ರಸ್ತೆ ಕಡೆಯ ನಮ್ಮ ಬೀದಿಯಲ್ಲಿ ಮೇಲ್ಮನೆ ಅಂದರೆ ವಿಧಾನ ಪರಿಷತ್ತಲ್ಲ. ಬೀದಿ ಕೊನೆಯ ಮೂರಂತಸ್ತಿನ ಮನೆ. ಅಲ್ಲಿ ಮೂವರು ಅಣ್ಣತಮ್ಮಂದಿರು, ಮೂವರ ಮೇಲೂ ರೌಡಿ ಶೀಟ್. ಬೆಂಗಳೂರಿನ ಹಳೇ ಡಾನ್‌ಗಳಲ್ಲಿ ಕೊತ್ವಾಲ ಸತ್ತಿದ್ದು 1986ರಲ್ಲಿ, ಜಯರಾಜ್ 1989ರಲ್ಲಿ. ಆ ಕತೆಗಳನ್ನೇ ಕೇಳುತ್ತಾ ಬೆಳೆದ ಹುಡುಗರು ಇವರು. ಹೆಸರು ಹೇಳುವ ಅಭ್ಯಾಸ ನಮ್ಮಲ್ಲಿ ಆಗಲೂ ಇರಲಿಲ್ಲ, ಈಗಲೂ ಬೇಡ ಬಿಡಿ.

ಅಂಗಡಿಯವರು ತಿಂಗಳು ತಿಂಗಳು ಮಾಮೂಲಿ ಕೊಡುತ್ತಿದ್ದರು. ಮೀಟರ್ ಬಡ್ಡಿಗೆ ಸಾಲ ಮಾಡಿದವರು ಹಿಂದಿನ ಗಲ್ಲಿಯಿಂದ ಓಡಾಡುತ್ತಿದ್ದರು. ನಮ್ಮಂಥವರಿಗೆ ಅಣ್ಣಮ್ಮ ದೇವಿ ಕೂರಿಸುವಾಗ ಚಂದಾ, ಅಷ್ಟೇ. ಎಷ್ಟು ಅಂತ ರಸೀದಿಯಲ್ಲಿ ಅವರೇ ಬರೆದುಕೊಂಡು ಬರುತ್ತಿದ್ದರು. ಅಕ್ಕ ಡ್ಯೂಟಿ ಮುಗಿಸಿ ರಾತ್ರಿ ಹನ್ನೊಂದಕ್ಕೆ ಬಂದರೂ ಯಾರೂ ತಲೆ ಎತ್ತಿ ನೋಡುತ್ತಿರಲಿಲ್ಲ. "ಇವರಿರೋದೇ ವಾಸಿ" ಅಂತ ಅಮ್ಮ ಹೇಳಿದರೆ ನಾವೂ ಹೂಂ ಅನ್ನುತ್ತಿದ್ದೆವು.

2004ರಲ್ಲಿ ಒಂದು ಬೆಳಗ್ಗೆ ಅಪ್ಪನ ಚೇತಕ್ ಸ್ಕೂಟರ್ ಕಾಣೆಯಾಯಿತು. ಅಪ್ಪ ಠಾಣೆಗೆ ಹೋದರು. ಅಮ್ಮ ಮೇಲ್ಮನೆಗೆ ಹೋದಳು. ಅಲ್ಲಿನ ಅಜ್ಜಿ ಹುಣಸೆಹಣ್ಣಿನ ಬೀಜ ಬಿಡಿಸುತ್ತಾ ಕೂತಿದ್ದರಂತೆ. "ಬಣ್ಣ ಯಾವುದು?" ಅಂದರಂತೆ, ಅಷ್ಟೇ. ಮಧ್ಯಾಹ್ನ ಗಾಡಿ ಗೇಟಿನ ಮುಂದಿತ್ತು. ಪೆಟ್ರೋಲ್ ಮೊದಲಿಗಿಂತ ಜಾಸ್ತಿ. ಠಾಣೆಯ ಬೆಂಚಿನ ಮೇಲೆ ಕೂತಿದ್ದ ಅಪ್ಪನನ್ನು ನಾನೇ ಹೋಗಿ ಕರ್ಕೊಂಡು ಬಂದೆ. ಕದ್ದವರು ಯಾರು ಅಂತ ನಾವು ಕೇಳಲಿಲ್ಲ. ಅಷ್ಟು ಬೇಗ ಸಿಕ್ಕಿದ ಮೇಲೆ ಕೇಳದಿರೋದೇ ಒಳ್ಳೇದು, ಅಲ್ವಾ?

ಮೂರು ತಿಂಗಳಾದ ಮೇಲೆ ಅಜ್ಜಿಯೇ ನಮ್ಮ ಮನೆಗೆ ಬಂದರು. ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತು, ಅಮ್ಮ ಕೊಟ್ಟ ಕಾಫಿ ಆರಿಸುತ್ತಾ ಕೇಳಿದರು.

"ಗಾಡಿ ಚೆನ್ನಾಗಿ ಓಡ್ತಿದೆಯೇನಪ್ಪಾ?"

ಕಿರಿಯವನು ಹೊಡೆದಾಟದ ಕೇಸಿನಲ್ಲಿ ಪರಪ್ಪನ ಅಗ್ರಹಾರ ಜೈಲಿನಲ್ಲಿದ್ದ. ಕೋರ್ಟು ಬೇಲ್ ಕೊಟ್ಟಿತ್ತು. ಜಾಮೀನು ನಿಲ್ಲೋಕೆ ಸ್ವಂತ ಮನೆ ಇರೋರು ಬೇಕಿತ್ತು. ನಮ್ಮದು ಇಪ್ಪತ್ತು ಮೂವತ್ತರ ಸೈಟಿನ ಮನೆ.

"ಪತ್ರ ಸುಮ್ನೆ ಬೀರುವಲ್ಲೇ ತಾನೇ ಇರೋದು" ಅಂದರು ಅಜ್ಜಿ.

ಅಪ್ಪ ರಾತ್ರಿಯೆಲ್ಲ ನಿದ್ದೆ ಮಾಡಲಿಲ್ಲ. ಬೆಳಗ್ಗೆ ಇಸ್ತ್ರಿ ಮಾಡಿದ ಅಂಗಿ ಹಾಕ್ಕೊಂಡು, ಖಾತಾ ಮತ್ತು ಕಂದಾಯದ ರಸೀದಿ ಕವರಿಗೆ ಹಾಕಿ ನೃಪತುಂಗ ರಸ್ತೆಯ ಕೋರ್ಟಿಗೆ ಹೊರಟರು. ಆರೋಪಿ ನಿಮಗೇನಾಗಬೇಕು ಅಂತ ಕೇಳಿದ್ದಕ್ಕೆ "ನಮ್ಮ ಬೀದಿ ಹುಡುಗ ಸ್ವಾಮಿ" ಅಂದರಂತೆ. ಅವನು ವಾಯಿದೆಗೆ ಬಾರದಿದ್ದರೆ ಬಾಂಡಿನ ಹಣ ಅಪ್ಪನಿಂದಲೇ ವಸೂಲಿ. ಇಪ್ಪತ್ತೈದು ಸಾವಿರ.

ಅವತ್ತಿಂದ ನಮ್ಮ ಬೆಂಗಳೂರು ಪ್ರೆಸ್ ಕ್ಯಾಲೆಂಡರಿನಲ್ಲಿ ಏಕಾದಶಿ, ಹಾಲಿನ ಲೆಕ್ಕದ ಜೊತೆ ಅವನ ವಾಯಿದೆಗಳೂ ಸೇರಿದವು. ಕೆಂಪು ಪೆನ್ನಿನಲ್ಲಿ. ನನ್ನ ಪರೀಕ್ಷೆ ದಿನಕ್ಕೂ ಅಪ್ಪ ಹಾಗೆ ಗುರುತು ಹಾಕಿರಲಿಲ್ಲ! ವಾಯಿದೆ ದಿನ ಎಂಟಕ್ಕೆಲ್ಲ ಮೇಲ್ಮನೆ ಬಾಗಿಲಲ್ಲಿ ಹಾಜರ್. "ಅಂಕಲ್ ಬಂದ್ರು, ಎದ್ದೇಳೋ" ಅಂತ ಒಳಗಿಂದ ಅಜ್ಜಿಯ ದನಿ. ಇಡೀ ಬೀದಿ ಹೆದರುತ್ತಿದ್ದ ಹುಡುಗ ಬಾಯಲ್ಲಿ ಬ್ರಷ್ ಇಟ್ಟುಕೊಂಡೇ ಹೊರಗೆ ಬರುತ್ತಿದ್ದ.

ಒಂದು ಸಲ ಅವನು ಎದ್ದಿದ್ದೇ ಒಂಬತ್ತೂವರೆಗೆ. ಅಪ್ಪ ಬೇರೆ ದಾರಿ ಕಾಣದೆ ಅವನನ್ನು ಚೇತಕ್ ಹಿಂದೆ ಕೂರಿಸಿಕೊಂಡು ಹೊರಟರು. ಮೂಲೆ ಅಂಗಡಿಯವನು ಎದ್ದು ನಿಂತು ಕೈ ಮುಗಿದ.

ಮಾರನೇ ದಿನ ಅಪ್ಪ ಹಾಲಿಗೆ ಹೋದರು. ಅಂಗಡಿಯವನು ದುಡ್ಡು ತಗೊಳ್ಳಲಿಲ್ಲ.