ಕೈಜೋಡಿಸುವವರು, ಕೈಕೊಡುವವರು: ನನ್ನ ಪುಟ್ಟ ಪ್ರೋಗ್ರಾಂ ಎಲ್ಲಿಗೆ ಬಂತು

ಮೊದಲ ವಾರ

ಒಂದು ಪ್ರಶ್ನೆ ಬಹಳ ದಿನದಿಂದ ತಲೆ ತಿನ್ನುತ್ತಿತ್ತು. ತನಗೆ ನಷ್ಟವಾದರೂ ಇನ್ನೊಬ್ಬರಿಗೆ ನೆರವಾಗುವ ಗುಣ ವಿಕಾಸದ ಓಟದಲ್ಲಿ ಹೇಗೆ ಉಳಿದುಕೊಂಡಿತು? ಲೆಕ್ಕದ ಪ್ರಕಾರ ಅದು ಎಂದೋ ಅಳಿದು ಹೋಗಬೇಕಿತ್ತು. ಡಾರ್ವಿನ್‌ಗೂ ಇದು ತಲೆನೋವೇ ಆಗಿತ್ತು. ಮೊಟ್ಟೆ ಇಡದೆ, ಬರೀ ದುಡಿದು ಸಾಯುವ ಇರುವೆ ಮತ್ತು ಜೇನಿನ ಕೆಲಸಗಾರರು ತನ್ನ ವಾದವನ್ನೇ ಕೆಡವಬಹುದು ಎಂದು 1859ರಲ್ಲಿ ಅವನು ಹೆದರಿದ್ದ. 1871ರಲ್ಲಿ ಮನುಷ್ಯರ ಬಗ್ಗೆ ಬರೆಯುವಾಗಲೂ ಮತ್ತೆ ಅದೇ ಪ್ರಶ್ನೆಗೆ ಬಂದ.

ಓದುತ್ತಾ ಕೂತರೆ ಮುಗಿಯುವ ವಿಷಯವಲ್ಲ ಅನ್ನಿಸಿತು. ಅದಕ್ಕೇ ಪೈಥಾನ್‌ನಲ್ಲಿ ಒಂದು ಪುಟ್ಟ ಲೋಕ ಕಟ್ಟೋಣ ಅಂತ ಹೊರಟೆ. ದಿನಕ್ಕೆ ಅರ್ಧ ಗಂಟೆ, ರಜೆ ಇದ್ದರೆ ಸ್ವಲ್ಪ ಜಾಸ್ತಿ.

ಆಟ ಹಳೆಯದೇ, 'ಕೈದಿಗಳ ಇಕ್ಕಟ್ಟು'. 1950ರಲ್ಲಿ ಅಮೆರಿಕದ ರಾಂಡ್ ಸಂಶೋಧನಾ ಸಂಸ್ಥೆಯಲ್ಲಿ ಫ್ಲಡ್ ಮತ್ತು ಡ್ರೆಶರ್ ಎಂಬ ಗಣಿತಜ್ಞರು ಇದನ್ನು ಹುಟ್ಟುಹಾಕಿದರು. ಕೈದಿಗಳ ಕಥೆ ಕಟ್ಟಿದವರು ಟಕರ್. ಇಬ್ಬರು ಆಟಗಾರರು, ಇಬ್ಬರಿಗೂ ಎರಡೇ ದಾರಿ: ಕೈಜೋಡಿಸು, ಇಲ್ಲವೇ ಕೈಕೊಡು. (ಈ ಜೋಡಿ ಪದ ಸಿಕ್ಕಾಗ ಒಬ್ಬನೇ ಕೂತು ನಕ್ಕೆ. ಕೋಡ್‌ನಲ್ಲೂ ಇವೇ ಹೆಸರು.) ಇಬ್ಬರೂ ಕೈಜೋಡಿಸಿದರೆ ತಲಾ 3 ಅಂಕ. ಇಬ್ಬರೂ ಕೈಕೊಟ್ಟರೆ ತಲಾ 1. ಒಬ್ಬ ಕೈಜೋಡಿಸಿ ಇನ್ನೊಬ್ಬ ಕೈಕೊಟ್ಟರೆ, ಕೈಕೊಟ್ಟವನಿಗೆ 5, ನಂಬಿದವನಿಗೆ ಸೊನ್ನೆ. ಒಂದೇ ಸಲ ಆಡಿ ಎದ್ದು ಹೋಗುವುದಾದರೆ ಎದುರಿನವನು ಏನೇ ಮಾಡಲಿ, ಕೈಕೊಡುವುದೇ ಲಾಭ. ಅಲ್ಲಿಗೆ ಆಟ ಮುಗಿಯಿತು. ಮತ್ತೆ ಮತ್ತೆ ಅದೇ ಮುಖ ಎದುರಾಗುವಾಗ ಮಾತ್ರ ಕಥೆ ಶುರುವಾಗುತ್ತದೆ.

ಆಟಗಾರರಿಗೆ ಹೆಸರಿಟ್ಟೆ. ಯಾವಾಗಲೂ ಕೈಕೊಡುವವನು 'ವಂಚಕ'. ಯಾವಾಗಲೂ ಕೈಜೋಡಿಸುವವನು 'ಭೋಳೆ'. ಒಮ್ಮೆ ಕೈಕೊಟ್ಟರೆ ಜನ್ಮವಿಡೀ ಮರೆಯದವನು 'ಹಗೆ'. ಮೊದಲು ಕೈಜೋಡಿಸಿ, ಆಮೇಲೆ ಎದುರಿನವನು ಹಿಂದಿನ ಸಲ ಮಾಡಿದ್ದನ್ನೇ ಮಾಡುವವನು 'ಮುಯ್ಯಿ'. ಕನ್ನಡದಲ್ಲಿ ಉಡುಗೊರೆಗೆ ಉಡುಗೊರೆ ಕೊಡುವುದೂ ಮುಯ್ಯಿ, ಸೇಡು ತೀರಿಸಿಕೊಳ್ಳುವುದೂ ಮುಯ್ಯಿ. ಈ ಆಟಗಾರನಿಗೆ ಇದಕ್ಕಿಂತ ಒಪ್ಪುವ ಹೆಸರು ಬೇರೆ ಭಾಷೆಯಲ್ಲಿ ಇದ್ದೀತೇ ಅಂತ ನನಗೆ ಅನುಮಾನ.

ಈ ಮುಯ್ಯಿಗೆ ದೊಡ್ಡ ಚರಿತ್ರೆಯೇ ಇದೆ. ರಾಜಕೀಯ ಶಾಸ್ತ್ರಜ್ಞ ರಾಬರ್ಟ್ ಆಕ್ಸೆಲ್‌ರಾಡ್ ಇದೇ ಆಟದ ಕಂಪ್ಯೂಟರ್ ಪಂದ್ಯ ನಡೆಸಿ 1980ರಲ್ಲಿ ಅದರ ಫಲಿತಾಂಶ ಪ್ರಕಟಿಸಿದರು. ಮೊದಲ ಪಂದ್ಯಕ್ಕೆ 14 ಪ್ರೋಗ್ರಾಂ ಬಂದವು. ಗೆದ್ದದ್ದು ಅನಾಟೊಲ್ ರಾಪೊಪೋರ್ಟ್ ಕಳಿಸಿದ ಮುಯ್ಯಿ, ಅಷ್ಟರಲ್ಲಿ ಅದೇ ಚಿಕ್ಕದು. ಆ ಫಲಿತಾಂಶ ಎಲ್ಲರಿಗೂ ಗೊತ್ತಾದ ಮೇಲೆ ಎರಡನೇ ಪಂದ್ಯಕ್ಕೆ 62 ಬಂದವು. ಆಗಲೂ ಗೆದ್ದದ್ದು ಅದೇ.

ಎರಡನೇ ವಾರ

100 ಜನರ ಊರು. ಎಲ್ಲರೂ ಎಲ್ಲರ ಜೊತೆ 10 ರೌಂಡ್ ಆಡುತ್ತಾರೆ. ಪೀಳಿಗೆಯ ಕೊನೆಗೆ ಅತಿ ಕಡಿಮೆ ಅಂಕದವನು ಹೋಗುತ್ತಾನೆ, ಅವನ ಜಾಗಕ್ಕೆ ಅತಿ ಜಾಸ್ತಿ ಅಂಕದವನ ನಕಲು ಬರುತ್ತದೆ. ನನ್ನ ಪ್ರಶ್ನೆ ಇಷ್ಟೇ: ವಂಚಕರೇ ತುಂಬಿದ ಊರಲ್ಲಿ ಎಷ್ಟು ಮುಯ್ಯಿಗಳಿದ್ದರೆ ಬೇರೂರಬಹುದು?

ಮೊದಲು ಕಾಗದದ ಮೇಲೆ ಲೆಕ್ಕ ಹಾಕಿದೆ. ಮುಯ್ಯಿಗೆ ಮುಯ್ಯಿ ಸಿಕ್ಕರೆ 30 ಅಂಕ. ಮುಯ್ಯಿಗೆ ವಂಚಕ ಸಿಕ್ಕರೆ ಮುಯ್ಯಿಗೆ 9, ವಂಚಕನಿಗೆ 14. ವಂಚಕರಿಬ್ಬರಿಗೆ ತಲಾ 10. ಬಿಡಿಸಿದರೆ ಉತ್ತರ 17ರಲ್ಲಿ ಒಂದು ಪಾಲು. ಅಂದರೆ ನೂರರಲ್ಲಿ 6 ಜನ ಸಾಕು. ಪ್ರೋಗ್ರಾಂ ಓಡಿಸಿದೆ, 6 ಅಂತಲೇ ಬಂತು. ಖುಷಿಯಾಗಿ ಮಲಗಿದೆ.

ಮರುದಿನ ಕೋಡ್ ಮತ್ತೆ ಓದುವಾಗ ಬಗ್ ಕಾಣಿಸಿತು. ಪ್ರತಿಯೊಬ್ಬನೂ ತನ್ನ ಜೊತೆಗೇ 10 ರೌಂಡ್ ಆಡುತ್ತಿದ್ದ! ಮುಯ್ಯಿ ತನಗೆ ತಾನೇ ಕೈಜೋಡಿಸಿ ಸುಮ್ನೆ 30 ಅಂಕ ಜೇಬಿಗೆ ಹಾಕಿಕೊಳ್ಳುತ್ತಿದ್ದ. ತನಗೆ ತಾನೇ ಉಪಕಾರ ಮಾಡಿಕೊಂಡರೆ ಅದೆಂಥ ಪರೋಪಕಾರ? ಸರಿಪಡಿಸಿ ಓಡಿಸಿದರೆ 6 ಸಾಲಲಿಲ್ಲ. 7 ಇಟ್ಟರೆ ಮುಯ್ಯಿಗೆ ಒಟ್ಟು 1017, ವಂಚಕನಿಗೆ 1018. ಒಂದೇ ಒಂದು ಅಂಕದಲ್ಲಿ ಒಳ್ಳೆಯತನ ಅಳಿದುಹೋಯಿತು. 8 ಇಟ್ಟಾಗ 1038ಕ್ಕೆ 1022, ಊರು ಮುಯ್ಯಿಗಳ ಕಡೆ ತಿರುಗಿತು. ಆ 1017 ಮತ್ತು 1018ನ್ನು ನೋಡುತ್ತಾ ತುಂಬಾ ಹೊತ್ತು ಕೂತಿದ್ದೆ.

ಆದರೆ ಮೊದಲ ಎಂಟು ಜನ ಎಲ್ಲಿಂದ ಬಂದರು? ಒಬ್ಬಂಟಿ ಮುಯ್ಯಿ ಖಂಡಿತ ಸಾಯುತ್ತಾನೆ. ಇದಕ್ಕೆ ಆಕ್ಸೆಲ್‌ರಾಡ್ ಮತ್ತು ಜೀವವಿಜ್ಞಾನಿ ಡಬ್ಲ್ಯೂ. ಡಿ. ಹ್ಯಾಮಿಲ್ಟನ್ 1981ರಲ್ಲಿ ಕೊಟ್ಟ ಒಂದು ಉತ್ತರ ರಕ್ತಸಂಬಂಧ. ಹ್ಯಾಮಿಲ್ಟನ್‌ರ 1964ರ ಸೂತ್ರ ಗೊತ್ತಲ್ಲ: ನನಗಾಗುವ ನಷ್ಟಕ್ಕಿಂತ, ನೆಂಟನಿಗಾಗುವ ಲಾಭವನ್ನು ನಂಟಿನ ಪಾಲಿನಿಂದ (ಒಂದೇ ಮೂಲದಿಂದ ಇಬ್ಬರಿಗೂ ಬಂದ ವಂಶವಾಹಿಗಳ ಪಾಲಿನಿಂದ) ಗುಣಿಸಿದರೆ ಸಿಗುವುದು ದೊಡ್ಡದಿದ್ದರೆ, ನೆರವಾಗುವ ಗುಣ ಹಬ್ಬುತ್ತದೆ. ಒಡಹುಟ್ಟಿದವರಿಗೆ ಪಾಲು ಅರ್ಧ, ಚಿಕ್ಕಪ್ಪನ ಮಕ್ಕಳಿಗೆ ಎಂಟರಲ್ಲಿ ಒಂದು. ಒಂದೇ ಮನೆಯ ಎಂಟು ಜನ ಒಟ್ಟಿಗಿದ್ದರೆ ಮೊದಲ ಕಿಡಿ ಹತ್ತಿಕೊಳ್ಳಬಹುದು. ಇದನ್ನು ಕೋಡ್‌ಗೆ ಸೇರಿಸಿದೆ. ಹೇಳುವಂಥ ಅಚ್ಚರಿ ಏನೂ ಇರಲಿಲ್ಲ, ಸೂತ್ರ ಹೇಳಿದಂತೆಯೇ ನಡೆಯಿತು.

ಮೂರನೇ ವಾರ

ಈ ವಾರದ ಕೆಲಸ ನನಗೆ ತುಂಬಾ ಇಷ್ಟವಾಯಿತು.

ಇಲ್ಲಿಯವರೆಗೆ ನನ್ನ ಆಟಗಾರರು ತಪ್ಪೇ ಮಾಡುತ್ತಿರಲಿಲ್ಲ. ನಿಜ ಬದುಕು ಹಾಗಿರುತ್ತದಾ? ಕೈಜೋಡಿಸಲು ಹೋಗಿ ಕೈಜಾರುತ್ತದೆ, ಹೇಳಿದ್ದೊಂದು ಕೇಳಿದ್ದೊಂದು ಆಗುತ್ತದೆ. ಆದ್ದರಿಂದ ನೂರಕ್ಕೊಂದು ಸಲ ಆಟಗಾರ ಅಂದುಕೊಂಡದ್ದರ ಉಲ್ಟಾ ನಡೆಯುವಂತೆ ಮಾಡಿದೆ. ಬರೀ ಒಂದು ಸಾಲಿನ ಕೋಡ್.

ಅಷ್ಟಕ್ಕೇ ಮುಯ್ಯಿಗಳ ಸಂಸಾರ ಹಾಳಾಯಿತು. ಒಬ್ಬ ತಪ್ಪಿ ಕೈಕೊಟ್ಟ. ಎದುರಿನವನು ಮುಂದಿನ ಸಲ ಕೈಕೊಟ್ಟ. ಅದಕ್ಕೆ ಇವನು, ಇವನಿಗೆ ಅವನು. ಇನ್ನೊಂದು ತಪ್ಪಾಗುವವರೆಗೆ ಈ ಜಗಳ ನಿಲ್ಲುವುದೇ ಇಲ್ಲ. ಆ ಇನ್ನೊಂದು ತಪ್ಪು ರಾಜಿ ಮಾಡಿಸಲೂಬಹುದು, ಇಬ್ಬರೂ ಪೂರ್ತಿ ಮುಖ ತಿರುಗಿಸುವಂತೆ ಮಾಡಲೂಬಹುದು. 200 ರೌಂಡ್‌ಗಳಲ್ಲಿ ರೌಂಡಿಗೆ ಸಿಗುವ ಸರಾಸರಿ ಅಂಕ 3ರಿಂದ 2.46ಕ್ಕೆ ಇಳಿಯಿತು. 10,000 ರೌಂಡ್ ಆಡಿಸಿದಾಗ 2.25ರ ಹತ್ತಿರ ಬಂದು ನಿಂತಿತು. ಈ 2.25 ಯಾವ ಸಂಖ್ಯೆ ಗೊತ್ತಾ? ಇಬ್ಬರೂ ನಾಣ್ಯ ಚಿಮ್ಮಿ ಆಡಿದರೂ ಸಿಗುವುದು ಇಷ್ಟೇ! ಎರಡು ಪಂದ್ಯ ಗೆದ್ದ ವೀರ, ತನ್ನಂಥವನೇ ಎದುರಿಗಿದ್ದಾಗ ಕುರುಡು ನಾಣ್ಯಕ್ಕಿಂತ ಮೇಲಲ್ಲ.

'ಹಗೆ'ಯ ಪಾಡು ಕೇಳಲೇಬೇಡಿ. ಮೊದಲ ತಪ್ಪಿನ ನಂತರ 1ರ ಆಸುಪಾಸಿನಲ್ಲೇ ಕೊನೆಯವರೆಗೂ.

ಇದಕ್ಕೆ ಮದ್ದನ್ನು ಮಾರ್ಟಿನ್ ನೋವಾಕ್ ಮತ್ತು ಕಾರ್ಲ್ ಸಿಗ್ಮಂಡ್ 1992ರಲ್ಲಿ ತೋರಿಸಿದ್ದರು. ಎದುರಿನವನು ಕೈಕೊಟ್ಟರೂ ಒಮ್ಮೊಮ್ಮೆ, ದಾಳ ಉರುಳಿಸಿದ ಹಾಗೆ, ಮನ್ನಿಸುವ ಮುಯ್ಯಿ. ನನ್ನ ಕೋಡ್‌ನಲ್ಲಿ ಅವನ ಹೆಸರು 'ಹೋಗ್ಲಿಬಿಡು'. ಎಷ್ಟು ಸಲ ಮನ್ನಿಸಬೇಕು? ನಾನು ಬಳಸಿದ ಅಂಕಗಳಿಗೆ ಅವರ ಸೂತ್ರ ಕೊಡುವ ಉತ್ತರ ಮೂರರಲ್ಲಿ ಒಂದು ಸಲ. ಹಾಗೇ ಹಾಕಿದೆ. ಅದೇ ನೂರಕ್ಕೊಂದು ತಪ್ಪು ಇದ್ದರೂ ಸರಾಸರಿ 2.97!

ಮೂರರಲ್ಲಿ ಒಂದು ಯಾಕೆ, ಎರಡರಲ್ಲಿ ಒಂದು ಮಾಡೋಣ ಅಂದುಕೊಂಡೆ. ಹೋಗ್ಲಿಬಿಡುಗಳಿಗೆ ತಮ್ಮ ತಮ್ಮಲ್ಲಿ 2.98 ಸಿಕ್ಕಿತು, ಇನ್ನೂ ಚೆನ್ನ. ಆದರೆ ಅವರ ನಡುವೆ ಬಿಟ್ಟ ಒಬ್ಬ ವಂಚಕನಿಗೆ 3. ಇಷ್ಟು ಸಣ್ಣ ಅಂತರದಲ್ಲೇ ಅವನು ನಿಧಾನವಾಗಿ ಊರನ್ನು ನುಂಗಿದ. ಮೂರರಲ್ಲಿ ಒಂದು ಇದ್ದಾಗ ಅವನಿಗೆ ಸಿಗುತ್ತಿದ್ದದ್ದು 2.36ರಷ್ಟೇ. ಕ್ಷಮೆಗೆ ಒಂದು ಅಳತೆ ಇದೆ, ಅದೂ ಭಿನ್ನರಾಶಿಯಲ್ಲಿ ಬರೆಯುವಂಥದ್ದು ಅಂತ ನಾನು ಊಹಿಸಿರಲಿಲ್ಲ.

ಇನ್ನೊಂದು ಸಣ್ಣ ವಿಷಯ. ತಪ್ಪೇ ಆಗದ ಊರಲ್ಲಿ ಮುಯ್ಯಿಗೂ ಭೋಳೆಗೂ ಅಂಕದಲ್ಲಿ ವ್ಯತ್ಯಾಸವೇ ಇಲ್ಲ. ಆಗೊಬ್ಬ ಈಗೊಬ್ಬ ಹೊಸ ಬಗೆಯವನು ಹುಟ್ಟುವಂತೆ ಮಾಡಿದಾಗ ಭೋಳೆಗಳು ಸದ್ದಿಲ್ಲದೆ ಹೆಚ್ಚಾದರು. ಕಾವಲು ಸಡಿಲವಾದ ಹೊತ್ತಿಗೆ ಸರಿಯಾಗಿ ಒಬ್ಬ ವಂಚಕ ಹುಟ್ಟಿದ. ಮುಂದಿನದು ನಿಮಗೇ ಗೊತ್ತು.

ನಾಲ್ಕನೇ ವಾರ

ಚೌಕಳಿ ಹಾಳೆಯ ಮೇಲಿನ ಆಟ. ಇಲ್ಲಿ ನೆನಪಿಲ್ಲ, ಮುಯ್ಯಿ ಇಲ್ಲ, ಬರೀ ಅಕ್ಕಪಕ್ಕದ ಎಂಟು ಮನೆ. ಪ್ರತಿ ಸುತ್ತಿಗೂ ನೆರೆಹೊರೆಯಲ್ಲಿ ಯಾರು ಜಾಸ್ತಿ ಅಂಕ ಮಾಡಿದ್ದಾರೋ ಅವರನ್ನು ನಕಲು ಮಾಡುವುದು. 1992ರಲ್ಲಿ ನೋವಾಕ್ ಮತ್ತು ರಾಬರ್ಟ್ ಮೇ ಎಂಬುವವರು ಮಾಡಿದ್ದು. ಅವರ ಹಾಗೆ, ಇಬ್ಬರೂ ಕೈಜೋಡಿಸಿದರೆ ತಲಾ 1 ಎಂಬ ಹೊಸ ಲೆಕ್ಕದಲ್ಲಿ ವಂಚನೆಯ ಲಾಭವನ್ನು 1.8 ಮತ್ತು 2ರ ನಡುವೆ ಇಟ್ಟು, ಮಧ್ಯದಲ್ಲಿ ಒಬ್ಬನೇ ವಂಚಕನನ್ನು ಕೂರಿಸಿದೆ. ಪರದೆಯ ತುಂಬಾ ಜಮಖಾನದ ಚಿತ್ತಾರ ಅರಳಿತು. ಎರಡು ಗಂಟೆ ಹಾಳಾಯಿತು, ಬೇಜಾರಿಲ್ಲ. ಗುಂಪಾಗಿ ನಿಂತ ಒಳ್ಳೆಯವರು ಉಳಿಯುತ್ತಾರೆ, ಚದುರಿದವರು ಅಳಿಯುತ್ತಾರೆ. ದೀರ್ಘಕಾಲದಲ್ಲಿ ಕೈಜೋಡಿಸುವವರ ಪಾಲು 0.318ರ ಹತ್ತಿರ ಬರಬೇಕು, ನನ್ನದೂ ಅಲ್ಲೇ ಬಂತು. ತಮಾಷೆ ಅಂದರೆ ಅವರ ಮೂಲ ಲೆಕ್ಕದಲ್ಲಿ ಪ್ರತಿ ಮನೆಯೂ ತನ್ನ ಜೊತೆಗೂ ಆಡುತ್ತದೆ. ಎರಡನೇ ವಾರದಲ್ಲಿ ಬಗ್ ಅಂತ ತೆಗೆದು ಹಾಕಿದ್ದನ್ನು ನಾನೇ ಕೈಯಾರೆ ವಾಪಸ್ ಸೇರಿಸಬೇಕಾಯಿತು.

ಐದು ಮತ್ತು ಆರನೇ ವಾರ

ಕೋಡ್ ಮುಟ್ಟಲಿಲ್ಲ. ಏನೋ ಕೊರೆಯುತ್ತಿತ್ತು. ನನ್ನ ಹೋಗ್ಲಿಬಿಡು ಒಳ್ಳೆಯವನಾ? ಅವನೊಳಗೆ ಇರುವುದು ಒಂದು ದಾಳ. ಅವನಿಗೆ ಯಾರ ಮೇಲೂ ಕರುಣೆ ಇಲ್ಲ.

ಜೀವವಿಜ್ಞಾನಿ ರಾಬರ್ಟ್ ಟ್ರಿವರ್ಸ್ 1971ರಲ್ಲಿ ಇದಕ್ಕೊಂದು ಮಾತು ಹೇಳಿದ್ದರು. ಕೊಟ್ಟು ಪಡೆಯುವ ಬದುಕನ್ನು ಸಂಭಾಳಿಸಲಿಕ್ಕೆಂದೇ ಕೃತಜ್ಞತೆ, ಮರುಕ, ಸಿಟ್ಟು, ತಪ್ಪಿತಸ್ಥ ಭಾವ ಇವೆಲ್ಲ ಬೆಳೆದು ಬಂದವು ಎಂದು. ಅಂದರೆ ನಮಗೆ ದಾಳದ ಬದಲು ಮನಸ್ಸು ಸಿಕ್ಕಿದೆ. ಆದರೆ ಮನಸ್ಸು ಲೆಕ್ಕದ ಗೆರೆಯಲ್ಲೇ ನಿಲ್ಲುತ್ತದಾ?

ವಾರ್ನೆಕೆನ್ ಮತ್ತು ಟೊಮಸೆಲ್ಲೊ ಎಂಬ ಮನೋವಿಜ್ಞಾನಿಗಳು 2006ರಲ್ಲಿ ಹದಿನೆಂಟು ತಿಂಗಳ ಮಕ್ಕಳ ಮುಂದೆ ಸಣ್ಣ ಸಣ್ಣ ಕಷ್ಟಗಳನ್ನು ನಟಿಸಿ ನೋಡಿದರು. ಬಟ್ಟೆ ಒಣಹಾಕುವವರ ಕೈಯಿಂದ ಕ್ಲಿಪ್ ಬೀಳುತ್ತದೆ. ಕೈತುಂಬಾ ಪತ್ರಿಕೆ ಹಿಡಿದವರಿಗೆ ಕಪಾಟಿನ ಬಾಗಿಲು ತೆಗೆಯಲಾಗುವುದಿಲ್ಲ. ಇನ್ನೂ ಸರಿಯಾಗಿ ಮಾತೇ ಬಾರದ ಮಕ್ಕಳು ತಾವಾಗಿ ಎದ್ದು ಬಂದು ನೆರವಾದವು. ಎರಡು ವರ್ಷದ ನಂತರದ ಇನ್ನೊಂದು ಪ್ರಯೋಗ ನನಗೆ ಇನ್ನೂ ಹಿಡಿಸಿತು. ನೆರವಾದದ್ದಕ್ಕೆ ಆಟಿಕೆಯ ಬಹುಮಾನ ಪಡೆದ ಮಕ್ಕಳು, ಆಮೇಲೆ ಬಹುಮಾನ ನಿಂತಾಗ, ಮೊದಲಿಂದಲೂ ಏನೂ ಸಿಗದ ಮಕ್ಕಳಿಗಿಂತ ಕಡಿಮೆ ನೆರವಾದವು. ನನ್ನ ಪ್ರೋಗ್ರಾಂನಲ್ಲಿ ಇರುವುದು ಬರೀ ಅಂಕ. ಈ ಮಕ್ಕಳನ್ನು ಅದರಲ್ಲಿ ಎಲ್ಲಿ ಕೂರಿಸಲಿ?

ಜಾರ್ಜ್ ಪ್ರೈಸ್ ಬಗ್ಗೆ ಓದಿದ್ದೂ ಇದೇ ದಿನಗಳಲ್ಲಿ. ಪರೋಪಕಾರವೂ ಸೇರಿ ಯಾವುದೇ ಗುಣ ಹೇಗೆ ಹಬ್ಬುತ್ತದೆ ಎಂಬುದಕ್ಕೆ 1970ರಲ್ಲಿ ಅಚ್ಚುಕಟ್ಟಾದ ಸಮೀಕರಣ ಬರೆದವರು. ಆಮೇಲೆ ಅವರೇ ಲಂಡನ್ನಿನ ಮನೆಯಿಲ್ಲದವರಿಗೆ ತಮ್ಮಲ್ಲಿದ್ದದ್ದನ್ನೆಲ್ಲ ಕೊಟ್ಟು ಬರಿಗೈಯಾದರು. 1975ರ ಜನವರಿಯಲ್ಲಿ ತಾವೇ ಜೀವ ಕಳೆದುಕೊಂಡರು. ಆ ಕೊನೆಯನ್ನು ಒಂದು ಕಾರಣಕ್ಕೆ ಕಟ್ಟುವುದು ತಪ್ಪು, ಅವರ ಆರೋಗ್ಯವೂ ಕೆಟ್ಟಿತ್ತು. ಅಂತ್ಯಕ್ರಿಯೆಗೆ ಬಂದ ಕೆಲವೇ ಜನರಲ್ಲಿ ಹ್ಯಾಮಿಲ್ಟನ್ ಒಬ್ಬರು. ಇದನ್ನು ಓದಿದ ಮೇಲೆ ಒಂದು ವಾರ ಲ್ಯಾಪ್‌ಟಾಪ್ ತೆರೆಯುವ ಮನಸ್ಸಾಗಲಿಲ್ಲ.

ಏಳನೇ ವಾರ

ಮತ್ತೆ ಶುರು. ಈ ಸಲ ಒಬ್ಬರನ್ನೊಬ್ಬರು ಮತ್ತೆ ಕಾಣದವರ ಆಟ. ನಾನು ನಿನಗೆ ನೆರವಾಗುತ್ತೇನೆ, ನನಗೆ ನೆರವಾಗುವುದು ಬೇರೆ ಯಾರೋ, ನನ್ನ 'ಹೆಸರು' ಕೇಳಿ. ನೋವಾಕ್ ಮತ್ತು ಸಿಗ್ಮಂಡ್ 1998ರಲ್ಲಿ ಹಾಕಿಕೊಟ್ಟ ದಾರಿ. ನೆರವಾದರೆ ಒಳ್ಳೆಯ ಹೆಸರು, ಇಲ್ಲ ಎಂದರೆ ಕೆಟ್ಟ ಹೆಸರು. ನನ್ನ ಊರಿನವರು ಒಳ್ಳೆಯ ಹೆಸರಿನವರಿಗೆ ಮಾತ್ರ ನೆರವಾಗುತ್ತಾರೆ. 99 ಇಂಥವರು, ಒಬ್ಬ ವಂಚಕ. ಎಲ್ಲರಿಗೂ ಮೊದಲು ಒಳ್ಳೆಯ ಹೆಸರೇ.

ಇಡೀ ಊರು ಕೆಟ್ಟುಹೋಯಿತು! ನೂರಕ್ಕೆ ನೂರು ಕೆಟ್ಟ ಹೆಸರು, ಯಾರೂ ಯಾರಿಗೂ ನೆರವಾಗುತ್ತಿಲ್ಲ. ಮೊದಲು ಬಗ್ ಅಂದುಕೊಂಡೆ. ಬಗ್ ಅಲ್ಲ. ವಂಚಕನಿಗೆ ಇಲ್ಲ ಎಂದವನ ಹೆಸರೂ ಕೆಡುತ್ತದೆ. ಅವನಿಗೆ ಇಲ್ಲ ಎಂದವನ ಹೆಸರೂ ಕೆಡುತ್ತದೆ. ನನ್ನ ನಿಯಮ ನೋಡುತ್ತಿದ್ದದ್ದು ಏನು ಮಾಡಿದ ಎಂಬುದನ್ನು ಮಾತ್ರ. ಯಾಕೆ ಮಾಡಿದ ಎಂಬುದನ್ನಲ್ಲ.

ಒಂದು ಸಾಲು ಸೇರಿಸಿದೆ: ಎದುರಿನವನಿಗೆ ಆಗಲೇ ಕೆಟ್ಟ ಹೆಸರಿದ್ದರೆ, ಅವನಿಗೆ ಇಲ್ಲ ಎಂದವನ ಹೆಸರು ಕೆಡಬಾರದು. ಊರು ಉಳಿಯಿತು. 99 ಒಳ್ಳೆಯ ಹೆಸರು, ಒಂದು ಕೆಟ್ಟ ಹೆಸರು. ಇಡೀ ಪ್ರೋಗ್ರಾಂನಲ್ಲಿ 'ಯಾಕೆ' ಎಂದು ಕೇಳುವ ಸಾಲು ಇದೊಂದೇ.

ಎಂಟನೇ ವಾರ, ಸದ್ಯಕ್ಕೆ

ಆ ಸಾಲು ಕೆಲಸ ಮಾಡಿದ್ದು ಎಲ್ಲರಿಗೂ ಒಂದೇ ಹೆಸರಿನ ಪಟ್ಟಿ ಇದ್ದದ್ದರಿಂದ. ಈಗ ಒಬ್ಬೊಬ್ಬರಿಗೂ ಅವರದೇ ಒಂದು ಪಟ್ಟಿ ಕೊಟ್ಟಿದ್ದೇನೆ, ಕೆಲವೊಮ್ಮೆ ತಪ್ಪಾಗಿ ಬರೆದುಕೊಳ್ಳುತ್ತಾರೆ. ನಾನು ಕೆಟ್ಟವನೆಂದು ನಂಬಿದವನಿಗೆ ನಾನು ಇಲ್ಲ ಎನ್ನುತ್ತೇನೆ. ಅವನನ್ನು ಒಳ್ಳೆಯವನೆಂದು ನಂಬಿದವರು ಅದನ್ನು ನೋಡಿ ನನ್ನ ಹೆಸರಿನ ಮುಂದೆ ಕಾಟು ಹಾಕುತ್ತಾರೆ. ಇಬ್ಬರ ಕಾರಣವೂ ಸರಿಯಾದದ್ದೇ. ನಿನ್ನೆ ರಾತ್ರಿ ಓಡಿಸಿದಾಗ ವಂಚಕ ಒಬ್ಬನೂ ಇಲ್ಲದ ಊರಲ್ಲೂ ಕಾಟುಗಳು ಏರುತ್ತಲೇ ಹೋದವು. ಈ ವಾರ ಮುಗಿಯುವುದರೊಳಗೆ ಆಟಗಾರರು ಆಡುವ ಮೊದಲು ಒಬ್ಬರಿಗೊಬ್ಬರು ಪಟ್ಟಿ ತೋರಿಸಿ ಹರಟುವಂತೆ ಮಾಡಬೇಕು. ಹರಟೆಯಲ್ಲಿ ಎಷ್ಟು ಸುಳ್ಳು ಬೆರೆಸಲು ಬಿಡಬೇಕು ಎನ್ನುವುದನ್ನು ಇನ್ನೂ ತೀರ್ಮಾನಿಸಿಲ್ಲ. ಸದ್ಯ ಸೊನ್ನೆಯಿಂದ ಶುರು ಮಾಡುತ್ತೇನೆ.